ಕಾದಂಬರಿಯಲ್ಲಿ ಸಾಲ ಮತ್ತು ದಾಂಪತ್ಯದ್ರೋಹ

ನಮ್ಮ ಊರಿನ ವಾಚನಾಲಯದಲ್ಲಿ ಒಂದು ಸಂಜೆ, ಬಹುಕಾಲದಿಂದ ಪರಿಚಿತರಾದ ಹಿರಿಯರೊಬ್ಬರು ಕಾದಂಬರಿಯೊಂದನ್ನು ನನ್ನ ಮುಂದೆ ಇಟ್ಟು, “ಮೇಷ್ಟ್ರೇ, ನೀವು ಪಂಡಿತರು, ಹೇಳಿ. ಇಂಥ ಪುಸ್ತಕವನ್ನು ಸಂಸಾರಸ್ಥರು ಮನೆಗೆ ಒಯ್ಯಬಹುದೆ?” ಎಂದು ಕೇಳಿದರು. ಆ ಪುಸ್ತಕವನ್ನು ನಾನು ಓದಿದ್ದೆ. ಒಬ್ಬ ಗೃಹಸ್ಥ ಹೆಂಡತಿಗೆ ತಿಳಿಯದಂತೆ ಮನೆಯನ್ನು ಒತ್ತೆಯಿಟ್ಟು ಸಾಲ ಮಾಡುತ್ತಾನೆ. ಆ ಹಣ ಇನ್ನೊಂದು ಬೀದಿಯ ಇನ್ನೊಂದು ಮನೆಯನ್ನು ಸೇರುತ್ತದೆ. ಕಥೆ ಇಷ್ಟೆ. “ಸಾಲಗಾರರ ಕಾಟ ಹೊರಗೆ ಸಾಲದು ಅಂತ ಕಥೆಯಲ್ಲೂ ಅದೇ ಓದಬೇಕೆ? ಜೊತೆಗೆ ಈ ವ್ಯಭಿಚಾರ ಬೇರೆ!” ಎಂದರು ಅವರು. ನಾನು ಆ ಹೊತ್ತಿಗೆ ಏನೋ ಒಂದು ಮಾತು ಹೇಳಿ ಜಾರಿಕೊಂಡೆ. ಮೂವತ್ತು ವರ್ಷ ಹೈಸ್ಕೂಲಿನ ಮಕ್ಕಳಿಗೆ ಕಾವ್ಯ ಹೇಳಿಕೊಟ್ಟವನಿಗೆ ಆ ಪ್ರಶ್ನೆಗೆ ತಕ್ಷಣ ಉತ್ತರ ಹೊಳೆಯಲಿಲ್ಲ. ಈ ಭಾಷಣವನ್ನು ಅವರಿಗೆ ಸಲ್ಲಿಸುವ ತಡವಾದ ಉತ್ತರವೆಂದು ತಾವು ತಿಳಿಯಬಹುದು.

ಮಕ್ಕಳ ಕಥೆಗಳು ಸಾಮಾನ್ಯವಾಗಿ ಮದುವೆಯಲ್ಲಿ ಮುಗಿಯುತ್ತವೆ. ರಾಜಕುಮಾರ ರಾಜಕುಮಾರಿಯ ಕೈಹಿಡಿದ ಮೇಲೆ ಹೇಳುವುದಕ್ಕೆ ಏನೂ ಉಳಿಯುವುದಿಲ್ಲ. ಬೆಳೆದವರು ಓದುವ ಕಥೆಗಳಾದರೋ ಮದುವೆಯ ಚಪ್ಪರ ಬಿಚ್ಚಿದ ಮೇಲೆ ಆರಂಭವಾಗುತ್ತವೆ. ಚಪ್ಪರದ ಬಾಡಿಗೆ ಕೊಟ್ಟವರು ಯಾರು, ಅದಕ್ಕೆ ಸಾಲ ತಂದದ್ದು ಎಲ್ಲಿಂದ, ಆ ಸಾಲ ತೀರಿತೆ, ತೀರುವವರೆಗೆ ಆ ಇಬ್ಬರು ಒಬ್ಬರನ್ನೊಬ್ಬರು ಹೇಗೆ ನಡೆಸಿಕೊಂಡರು ಎಂಬುದೇ ಅವುಗಳ ವಿಷಯ. ಪ್ರಪಂಚದ ದೊಡ್ಡ ಕಾದಂಬರಿಗಳಲ್ಲಿ ಸಾಲವೂ ದಾಂಪತ್ಯದ್ರೋಹವೂ ಮತ್ತೆ ಮತ್ತೆ ಜೊತೆಯಾಗಿ ಬರುತ್ತವೆ. ಹೀಗೇಕೆ ಎಂಬುದನ್ನು ಸ್ವಲ್ಪ ಯೋಚಿಸೋಣ.

ಮೊದಲು ನಮ್ಮ ಮನೆಯ ಕಾವ್ಯಗಳನ್ನೇ ನೋಡೋಣ. ಸಾಲದ ಕಥೆ ಬೇಕೆಂದರೆ ನಮಗೆ ರಾಘವಾಂಕನ ಹರಿಶ್ಚಂದ್ರ ಕಾವ್ಯವಿದೆ. ವಿಶ್ವಾಮಿತ್ರನಿಗೆ ತೀರಿಸಬೇಕಾದ ಹೊನ್ನಿಗಾಗಿ ಅರಸ ರಾಜ್ಯ ಬಿಟ್ಟು ನಡೆದು, ಕಾಶಿಯ ಬೀದಿಯಲ್ಲಿ ಹೆಂಡತಿಯನ್ನೂ ಮಗನನ್ನೂ ಮಾರಿ, ಕೊನೆಗೆ ತನ್ನನ್ನೇ ಮಾರಿಕೊಳ್ಳುತ್ತಾನೆ. ಸಾಲ ವಸೂಲಿಗೆಂದು ಅವನ ಬೆನ್ನು ಹತ್ತಿ ಬರುವ ನಕ್ಷತ್ರಿಕನ ಹೆಸರು ನಮ್ಮ ಆಡುಮಾತಿನಲ್ಲಿಯೂ ಉಳಿದುಬಿಟ್ಟಿದೆ. ಬಿಡದೆ ಪೀಡಿಸುವವರನ್ನು ನಾವು ಇಂದಿಗೂ ‘ನಕ್ಷತ್ರಿಕ’ ಎನ್ನುತ್ತೇವೆ. ಅಷ್ಟೊಂದು ಸಾಲದ ನಡುವೆಯೂ ಆ ದಂಪತಿಗಳ ನಡುವೆ ಒಂದು ಗುಟ್ಟೂ ಇಲ್ಲ. ಎಷ್ಟು ಕೊಡಬೇಕು, ಯಾವ ಗಡುವಿನೊಳಗೆ ಕೊಡಬೇಕು ಎಂಬುದು ಚಂದ್ರಮತಿಗೆ ಗಂಡನಷ್ಟೇ ಚೆನ್ನಾಗಿ ಗೊತ್ತು. ಆದ್ದರಿಂದಲೇ ಸಾಲ ಅವರ ರಾಜ್ಯವನ್ನು ಕಿತ್ತುಕೊಂಡರೂ ದಾಂಪತ್ಯವನ್ನು ಮುಟ್ಟಲಾರದೆ ಹೋಗುತ್ತದೆ.

ದ್ರೋಹದ ಕಥೆ ಬೇಕೆಂದರೆ ಜನ್ನನ ಯಶೋಧರ ಚರಿತೆಯಿದೆ. 1209ರಲ್ಲಿ ಮುಗಿದ ಕಾವ್ಯ. ರಾಣಿ ಅಮೃತಮತಿ ನಟ್ಟಿರುಳಿನಲ್ಲಿ ಮಾವುತನ ಹಾಡು ಕೇಳಿ ಮನಸೋಲುತ್ತಾಳೆ. ಆತ ಕುರೂಪಿ, ಒರಟ. ತಡವಾಗಿ ಬಂದಳೆಂದು ಅವಳನ್ನು ಹೊಡೆಯುತ್ತಾನೆ. ಅವಳು ಅದನ್ನೂ ಸಹಿಸುತ್ತಾಳೆ. ಕೊನೆಗೆ ಗಂಡನಿಗೂ ಅತ್ತೆಗೂ ವಿಷವಿಕ್ಕುತ್ತಾಳೆ. ಅರಮನೆಯ ಈ ಕಥೆಯಲ್ಲಿ ಹಣದ ಮಾತೇ ಇಲ್ಲ. ರಾಣಿಗೆ ಅಂಗಡಿಯ ಲೆಕ್ಕದ ಚಿಂತೆ ಏತಕ್ಕೆ?

ಹೀಗೆ ನಮ್ಮ ಹಳೆಯ ಕಾವ್ಯದಲ್ಲಿ ಸಾಲ ಒಂದು ಮನೆಯಲ್ಲಿ, ದ್ರೋಹ ಇನ್ನೊಂದು ಮನೆಯಲ್ಲಿ ವಾಸ ಮಾಡಿದವು. ಎರಡೂ ಒಂದೇ ಸೂರಿನ ಕೆಳಗೆ, ನಿಮ್ಮ ನಮ್ಮಂಥ ಮಧ್ಯಮ ಸ್ಥಿತಿಯವರ ಮನೆಯಲ್ಲಿ ಕೂಡಿ ಬಂದದ್ದನ್ನು ನೋಡಬೇಕಾದರೆ ನಾವು ಹತ್ತೊಂಬತ್ತನೆಯ ಶತಮಾನದ ಫ್ರಾನ್ಸ್ ದೇಶಕ್ಕೆ ಹೋಗಬೇಕು. ಅಲ್ಲಿ ಗುಸ್ತಾವ್ ಫ್ಲಾಬೇರ್ ಎಂಬ ಕಾದಂಬರಿಕಾರ ‘ಮದಾಂ ಬೊವಾರಿ’ ಎಂಬ ಕೃತಿಯನ್ನು ಬರೆದನು. ಅದು 1856ರಲ್ಲಿ ಪ್ಯಾರಿಸಿನ ಪತ್ರಿಕೆಯೊಂದರಲ್ಲಿ ಕಂತುಕಂತಾಗಿ ಬಂದು, ಮರುವರ್ಷ ಪುಸ್ತಕವಾಯಿತು.

ಕಥೆ ಹೀಗಿದೆ. ಶಾರ್ಲ್ ಬೊವಾರಿ ಹಳ್ಳಿಗಾಡಿನ ಒಬ್ಬ ಸಾಧಾರಣ ವೈದ್ಯ. ಒಳ್ಳೆಯವನು, ಮಂದಬುದ್ಧಿಯವನು. ಮೊದಲು ಅವನಿಗೆ ತಾಯಿ ನೋಡಿ ಗಂಟುಹಾಕಿದ್ದು ವಯಸ್ಸಾದ ಒಬ್ಬ ವಿಧವೆಯನ್ನು. ಅವಳಿಗೆ ವರ್ಷಕ್ಕೆ 1200 ಫ್ರಾಂಕಿನ ವರಮಾನವಿದೆಯೆಂಬ ಆಸೆಯಿಂದ. ಕೆಲವು ದಿನಗಳ ಮೇಲೆ ನೋಡಿದರೆ ಅವಳ ಮನೆ ಅಡಿಪಾಯದವರೆಗೂ ಅಡಮಾನದಲ್ಲಿ ಮುಳುಗಿದೆ! ಹಣದ ಸುಳ್ಳೊಂದು ಈ ಸಂಸಾರಕ್ಕೆ ಮೊದಲಿನಿಂದಲೂ ಅಂಟಿಕೊಂಡೇ ಬಂದಿತು ಎಂಬುದನ್ನು ಗಮನಿಸಿ. ಆಕೆ ಸತ್ತ ಮೇಲೆ ಶಾರ್ಲ್ ಮದುವೆಯಾದದ್ದು ಎಮ್ಮಾ ಎಂಬ ರೈತನ ಮಗಳನ್ನು. ಅವಳು ಕ್ರೈಸ್ತ ಸಂನ್ಯಾಸಿನಿಯರ ಮಠದಲ್ಲಿ ಓದಿದವಳು. ಕದ್ದುಮುಚ್ಚಿ ಪ್ರಣಯಕಥೆಗಳನ್ನು ಓದಿ, ಬಾಳೆಂದರೆ ಬೆಳದಿಂಗಳು, ವೀಣೆ, ರೇಷ್ಮೆ ಎಂದು ನಂಬಿದವಳು. ಒಮ್ಮೆ ಒಬ್ಬ ಸಿರಿವಂತನ ಮಹಲಿನ ಔತಣಕ್ಕೆ ಹೋಗಿ ಬಂದ ಮೇಲಂತೂ ಗಂಡನ ಮಾತು, ಗಂಡನ ಬೂಟಿನ ಸದ್ದು, ಅವನು ಊಟ ಮಾಡುವ ರೀತಿ ಯಾವುದೂ ಅವಳಿಗೆ ಸಹಿಸದಾಯಿತು.

ಈ ಸ್ಥಿತಿಯಲ್ಲಿ ಅವರು ಯೋನ್‌ವಿಲ್ ಎಂಬ ಸಣ್ಣ ಊರಿಗೆ ಬರುತ್ತಾರೆ. ಆ ಊರಿನ ಜವಳಿ ವ್ಯಾಪಾರಿ ಲೆರೂ. ಅವನ ಹೆಸರಿಗೆ ಫ್ರೆಂಚಿನಲ್ಲಿ ‘ಸುಖಿ’ ಎಂದು ಅರ್ಥ. ಒಂದು ದಿನ ಅವನು ಮನೆಗೆ ಬಂದು, ಬಗ್ಗಿ ನಮಸ್ಕರಿಸಿ, ಶಾಲುಗಳನ್ನು ಹರಡುತ್ತಾನೆ. ಎಮ್ಮಾ ಬೇಡವೆನ್ನುತ್ತಾಳೆ. ಅವನು ಬೇಸರಪಡುವುದಿಲ್ಲ. ಹಣದ ಮಾತು ಆಮೇಲೆ ನೋಡಿಕೊಳ್ಳೋಣ, ಬೇಕಾದರೆ ಕೈಗಡವನ್ನೂ ನಾನೇ ಒದಗಿಸುತ್ತೇನೆ ಎಂದು ಹೇಳಿ ಹೊರಟುಹೋಗುತ್ತಾನೆ. ನಮ್ಮ ನಕ್ಷತ್ರಿಕ ಮೊದಲಿನಿಂದಲೂ ಕಾಡುವವನು. ಈ ನಕ್ಷತ್ರಿಕ ಸಿಹಿ ಮಾತಾಡಿ, ವರ್ಷಗಟ್ಟಲೆ ಕಾದು ಕೂರುವವನು. ಬಾಗಿಲಿಗೆ ಬರುವ ಇಬ್ಬರಲ್ಲಿ ಹೆಚ್ಚು ಭಯಂಕರನಾದವನು ಯಾರು ಎಂಬುದನ್ನು ಅನುಭವಸ್ಥರಾದ ತಾವೇ ಹೇಳಬಲ್ಲಿರಿ.

ಎಮ್ಮಾ ಮೊದಲು ರೊದೊಲ್ಫ್ ಎಂಬ ಜಮೀನುದಾರನಿಗೆ ಒಲಿಯುತ್ತಾಳೆ. ಅವನಿಗೆ ಉಡುಗೊರೆಯಾಗಿ ಬೆಲೆಬಾಳುವ ಚಾವಟಿಯೊಂದನ್ನು ಕೊಡಬೇಕೆಂದು ಅವಳಿಗೆ ಆಸೆ. ತರಿಸಿಕೊಟ್ಟವನು ಲೆರೂ. ಹಿಂದೆಯೇ 270 ಫ್ರಾಂಕಿನ ಬಿಲ್ಲು ಬಂತು. ಗಂಡನಿಗೆ ರೋಗಿಯೊಬ್ಬನಿಂದ ಬಂದ ಹಣವನ್ನು ಅಡಗಿಸಿ ಅದನ್ನು ತೀರಿಸಿದಳು. ಆ ಘಳಿಗೆಯನ್ನು ಗಮನಿಸಬೇಕು. ಗಂಡನ ಜೇಬಿಗೂ ಗಂಡನ ನಂಬಿಕೆಗೂ ಒಂದೇ ಕೈ ಬಿತ್ತು. ಇಬ್ಬರೂ ಓಡಿಹೋಗುವುದೆಂದು ನಿಶ್ಚಯವಾದಾಗ ಮೇಲಂಗಿ, ಪೆಟ್ಟಿಗೆಗಳನ್ನು ಹೇಳಿ ಮಾಡಿಸಿದ್ದೂ ಲೆರೂವಿನ ಕೈಯಲ್ಲೇ. ರೊದೊಲ್ಫ್ ಬರಲಿಲ್ಲ. ಹಣ್ಣಿನ ಬುಟ್ಟಿಯ ತಳದಲ್ಲಿ ಒಂದು ಕಾಗದವಿಟ್ಟು ಕಳಿಸಿ, ಊರು ಬಿಟ್ಟ. ಎಮ್ಮಾ ಹಾಸಿಗೆ ಹಿಡಿದಳು. ಗಂಡ 43 ದಿನ ಅವಳ ಮಗ್ಗುಲು ಬಿಡಲಿಲ್ಲ.

ಇಲ್ಲಿ ಫ್ಲಾಬೇರ್ ಒಂದು ಸೂಕ್ಷ್ಮವನ್ನು ತೋರಿಸುತ್ತಾನೆ. ಹೆಂಡತಿ ರೋಗಶಯ್ಯೆಯಲ್ಲಿದ್ದಾಗ ಶಾರ್ಲ್ ತಾನೂ ಲೆರೂವಿನ ಬಳಿ 1000 ಫ್ರಾಂಕ್ ಸಾಲ ಮಾಡುತ್ತಾನೆ. ಅದಕ್ಕೆ 1070 ಫ್ರಾಂಕಿಗೆ ನೋಟು ಬರೆದುಕೊಡುತ್ತಾನೆ. ಯಾವ ಹೆಂಗಸಿನ ಆರೈಕೆಗೆಂದು ಅವನು ಕೈಯೊಡ್ಡಿದನೋ ಆಕೆ ಕಾಯಿಲೆ ಬಿದ್ದದ್ದು ಪರಪುರುಷನ ವಿಯೋಗದಿಂದ. ಸಾಲಕೊಟ್ಟವನಿಗೆ ಎರಡು ಕಡೆಯ ಲೆಕ್ಕವೂ ಗೊತ್ತು. ಮನೆಯವರಿಬ್ಬರಿಗೂ ಪೂರ್ತಿ ಲೆಕ್ಕ ಗೊತ್ತಿಲ್ಲ.

ಮುಂದೆ ಎಮ್ಮಾ ಲೆಯೋನ್ ಎಂಬ ಗುಮಾಸ್ತನನ್ನು ನೋಡಲು ಪ್ರತಿ ಗುರುವಾರ ರುವಾಂ ಪಟ್ಟಣಕ್ಕೆ ಹೋಗುತ್ತಾಳೆ. ಮನೆಯಲ್ಲಿ ಹೇಳುವುದು ಪಿಯಾನೋ ಪಾಠವೆಂದು. ಗಂಡನಿಗೆ ಸಂಶಯ ಬಾರದಿರಲೆಂದು ಪಾಠದ ಶುಲ್ಕದ ಸುಳ್ಳು ರಸೀತಿ ಹುಟ್ಟಿಸಿ ಅವನ ಬೂಟಿನೊಳಗೆ ಸೇರಿಸುತ್ತಾಳೆ. ಒಂದು ದಿನ ಆಕೆ ಲೆಯೋನನ ತೋಳು ಹಿಡಿದು ಹೋಟೆಲಿನಿಂದ ಹೊರಬರುತ್ತಿದ್ದಾಗ ಲೆರೂ ಎದುರಾಗುತ್ತಾನೆ. ಇವನು ಊರಲ್ಲಿ ಸಾರಿಬಿಡುತ್ತಾನೆಂದು ಅವಳು ನಡುಗುತ್ತಾಳೆ. ಅವನು ಅಷ್ಟು ದಡ್ಡನಲ್ಲ. ಮೂರು ದಿನ ಬಿಟ್ಟು ಅವಳ ಕೋಣೆಗೆ ಬಂದು, ಬಾಗಿಲು ಮುಚ್ಚಿ, ತನಗೆ ಹಣ ಬೇಕಾಗಿದೆ ಎನ್ನುತ್ತಾನೆ. ನನಗೆ ಈ ಕಾದಂಬರಿಯಲ್ಲಿ ಎಲ್ಲಕ್ಕಿಂತ ಭಯವಾಗುವ ಜಾಗ ಇದು. ಅವನು ಕಂಡದ್ದನ್ನು ಬಾಯಿ ಬಿಟ್ಟು ಆಡಲೇ ಇಲ್ಲ. ಆಡಬೇಕಾದ ಅಗತ್ಯವೂ ಇರಲಿಲ್ಲ. ಅವಳ ಗುಟ್ಟೇ ಅವನಿಗೆ ಅಡಮಾನವಾಯಿತು.

ಅಲ್ಲಿಂದ ಮುಂದೆ ಹಳೆಯ ನೋಟಿಗೆ ಹೊಸ ನೋಟು, ಬಡ್ಡಿಗೆ ಬಡ್ಡಿ. ಮಾವನ ಕಡೆಯಿಂದ ಬಂದ ತುಂಡು ಆಸ್ತಿಯೂ ಮಾರಾಟವಾಯಿತು. ಮನೆಯ ವ್ಯವಹಾರವನ್ನು ತಾನೇ ನೋಡುತ್ತೇನೆಂದು ಎಮ್ಮಾ ಗಂಡನಿಂದ ಮುಖ್ತ್ಯಾರುನಾಮೆ ಬರೆಸಿಕೊಂಡಿದ್ದಳು. ಆ ಉಪಾಯವನ್ನು ಹೇಳಿಕೊಟ್ಟವನೂ ಲೆರೂ. ಕೊನೆಗೊಂದು ದಿನ 24 ಗಂಟೆಯೊಳಗೆ 8000 ಫ್ರಾಂಕ್ ಕಟ್ಟಬೇಕೆಂದು ಕೋರ್ಟಿನ ಆಜ್ಞೆ ಬಂತು. ಅಮೀನ ಬಂದು ಮನೆಯ ಸಾಮಾನುಗಳನ್ನು ಪಟ್ಟಿ ಮಾಡಿದ. ಆ ದಿನ ಎಮ್ಮಾ ಎಷ್ಟು ಬಾಗಿಲು ತಟ್ಟಿದಳು! ಲೆಯೋನ್ ನುಣುಚಿಕೊಂಡ. ಊರಿನ ದಸ್ತಾವೇಜು ಬರೆಯುವ ಅಧಿಕಾರಿ ಅವಳ ಕೈ ಹಿಡಿಯಲು ಬಂದ. ರೊದೊಲ್ಫನಲ್ಲಿಗೆ ಹೋಗಿ 3000 ಫ್ರಾಂಕ್ ಕೇಳಿದಳು, ತನ್ನಲ್ಲಿ ಇಲ್ಲವೆಂದುಬಿಟ್ಟ. ಪ್ರೇಮಕ್ಕಾಗಿ ಸಾಲ ಮಾಡಿದವಳಿಗೆ ಸಾಲಕ್ಕಾಗಿ ಪ್ರೇಮ ಒದಗಲಿಲ್ಲ. ಅವಳು ತಟ್ಟದೆ ಬಿಟ್ಟ ಬಾಗಿಲು ಒಂದೇ, ತನ್ನ ಗಂಡನದು. ಅವನು ಕ್ಷಮಿಸಿಬಿಡುತ್ತಾನೆ ಎಂಬುದು ಅವಳಿಗೆ ಚೆನ್ನಾಗಿ ಗೊತ್ತಿತ್ತು; ಆ ಕ್ಷಮೆಯನ್ನು ನೆನೆದೇ ಅವಳು ಕುದಿದಳು. ಔಷಧದ ಅಂಗಡಿಗೆ ಹೋಗಿ ಪಾಷಾಣ ತಿಂದಳು.

ಜನ್ನನ ಅಮೃತಮತಿ ವಿಷವನ್ನು ಗಂಡನಿಗೆ ಕೊಟ್ಟಳು. ಎಮ್ಮಾ ತಾನೇ ತಿಂದಳು. ಕಥೆ ಅಲ್ಲಿಗೆ ನಿಲ್ಲಲಿಲ್ಲ. ಅವಳು ಸತ್ತ ಮೇಲೆ ಊರೆಲ್ಲ ಲೆಕ್ಕ ಹಿಡಿದು ಬಂದಿತು. ಒಂದು ದಿನವೂ ಪಾಠ ಹೇಳದ ಪಿಯಾನೋ ಶಿಕ್ಷಕಿ ಆರು ತಿಂಗಳ ಶುಲ್ಕ ಕೇಳಿದಳು! ಶಾರ್ಲನ ಕೈಗೆ ಪ್ರೇಮಪತ್ರಗಳು ಸಿಕ್ಕವು. ಉಳಿದ ಕೊನೆಯ ಆಸ್ತಿಯಾದ ಕುದುರೆಯನ್ನು ಮಾರಲು ಸಂತೆಗೆ ಹೋದ ದಿನವೇ ಅವನಿಗೆ ರೊದೊಲ್ಫ್ ಎದುರಾದ. ನಿನ್ನ ಮೇಲೆ ನನಗೆ ಸಿಟ್ಟಿಲ್ಲ, ಇದು ವಿಧಿಯ ತಪ್ಪು ಎಂದು ಹೇಳಿ ಮನೆಗೆ ಬಂದು, ಮರುದಿನ ತೋಟದ ಬೆಂಚಿನ ಮೇಲೆ ಕುಳಿತಲ್ಲೇ ಪ್ರಾಣಬಿಟ್ಟ. ಎಲ್ಲ ಹರಾಜಾದ ಮೇಲೆ ಮಿಕ್ಕದ್ದು 12 ಫ್ರಾಂಕ್ 75 ಸಾಂತೀಮು. ಆ ಹಣ ಅವರ ಮಗುವನ್ನು ಅಜ್ಜಿಯ ಊರಿಗೆ ಕಳಿಸುವ ಖರ್ಚಿಗಾಯಿತು. ಅಜ್ಜಿಯೂ ಅದೇ ವರ್ಷ ತೀರಿಕೊಂಡಳು. ಆ ಹುಡುಗಿ ಒಬ್ಬ ಬಡ ಸಂಬಂಧಿಯ ಆಶ್ರಯದಲ್ಲಿ ಹತ್ತಿಯ ಗಿರಣಿಯಲ್ಲಿ ಕೂಲಿ ಮಾಡಿದಳು. ತಾಯಿಯ ಶಾಲಿನ ಸಾಲವನ್ನು ಮಗಳು ಹತ್ತಿ ನೂತು ತೀರಿಸಿದಂತಾಯಿತು.

ಈ ಪುಸ್ತಕದ ಮೇಲೆ ಫ್ರೆಂಚ್ ಸರ್ಕಾರ ಮೊಕದ್ದಮೆ ಹೂಡಿತು. ಧರ್ಮಕ್ಕೂ ಸಾರ್ವಜನಿಕ ನೀತಿಗೂ ಅಪಚಾರವೆಂದು ಆಪಾದನೆ. 1857ರ ಫೆಬ್ರುವರಿಯಲ್ಲಿ ಫ್ಲಾಬೇರನ ಬಿಡುಗಡೆಯಾಯಿತು. ಆಪಾದನೆ ಹೊತ್ತವರ ಕಣ್ಣೆಲ್ಲ ಎಮ್ಮಾಳ ಶೀಲದ ಮೇಲಿತ್ತು. ನನಗಾದರೋ ಈ ಕಥೆಯಲ್ಲಿ ಅವಳನ್ನು ಕೊಂದದ್ದು ಲೆರೂವಿನ ಲೆಕ್ಕದ ಪುಸ್ತಕ ಎಂದೇ ತೋರುತ್ತದೆ. ಶೀಲಗೆಟ್ಟ ಕಾಲದಲ್ಲಿಯೂ ಅವಳು ಬದುಕಿದ್ದಳು. ಲೆಕ್ಕ ಮುಗಿದ ದಿನ ಸತ್ತಳು. ಫ್ಲಾಬೇರನಿಗೂ ಸಾಲದ ಬಿಸಿ ಆಮೇಲೆ ತಟ್ಟಿತು. 1875ರಲ್ಲಿ ತಂಗಿಯ ಮಗಳ ಗಂಡ ವ್ಯಾಪಾರದಲ್ಲಿ ಮುಳುಗಿದಾಗ, ಅವನನ್ನು ದಿವಾಳಿಯಿಂದ ಉಳಿಸಲು ಫ್ಲಾಬೇರ್ ತನ್ನ ಜಮೀನನ್ನು ಮಾರಿ, ಉಳಿದ ದಿನಗಳನ್ನು ಕೈಬಿಗಿಯಲ್ಲಿ ಕಳೆದನು.

ಹಾಗಾದರೆ ಇದು ಹೆಂಗಸರ ದೋಷದ ಕಥೆಯೇ? ಅಲ್ಲ. ಟಾಲ್‌ಸ್ಟಾಯಿಯ ‘ಅನ್ನಾ ಕರೆನಿನಾ’ ಕಾದಂಬರಿ ಆರಂಭವಾಗುವುದೇ ಒಬ್ಬ ಗಂಡಸಿನ ದ್ರೋಹದಿಂದ. ಸ್ತೆಪಾನ್ ಒಬ್ಲೋನ್‌ಸ್ಕಿ ಮಕ್ಕಳ ಉಪಾಧ್ಯಾಯಿನಿಯಾಗಿದ್ದವಳ ಸಂಗ ಮಾಡಿ ಸಿಕ್ಕಿಬಿದ್ದಿದ್ದಾನೆ. ಕೈತುಂಬ ಸಾಲ ಬೇರೆ. ಅದನ್ನು ತೀರಿಸಲು ಅವನು ಮಾರುವುದು ಹೆಂಡತಿಯ ಕಡೆಯಿಂದ ಬಂದ ಕಾಡನ್ನು! ಆದಕಾರಣ ಹೆಂಡತಿಯೊಡನೆ ರಾಜಿಯಾಗುವುದು ಅವನಿಗೆ ಹಣಕ್ಕಾಗಿಯೂ ಅವಶ್ಯ. ಎಮ್ಮಾಗೆ ಪ್ರಾಣದ ಬೆಲೆ ಬಿದ್ದ ತಪ್ಪಿಗೆ ಒಬ್ಲೋನ್‌ಸ್ಕಿ ತೆತ್ತದ್ದು ಎರಡು ದಿನದ ಮುಜುಗರ. ಬೆಲೆ ಕೊಟ್ಟವಳು ಹಳೆಯ ಬಟ್ಟೆಗೆ ತೇಪೆ ಹಾಕುತ್ತ ಮಕ್ಕಳನ್ನು ಸಾಕಿದ ಅವನ ಹೆಂಡತಿ ಡಾಲಿ.

ಇನ್ನೊಂದು ಬಗೆಯೂ ಉಂಟು. ಇಬ್ಸೆನ್ 1879ರಲ್ಲಿ ಬರೆದ ನಾಟಕದಲ್ಲಿ, ಕಾಯಿಲೆಯ ಗಂಡನನ್ನು ಬಿಸಿಲಿನ ದೇಶಕ್ಕೆ ಕರೆದೊಯ್ದು ಬದುಕಿಸಲೆಂದು ನೋರಾ ಗುಟ್ಟಾಗಿ ಸಾಲ ಮಾಡುತ್ತಾಳೆ. ತಂದೆಯ ರುಜುವನ್ನು ತಾನೇ ಹಾಕುತ್ತಾಳೆ. ವರ್ಷಗಟ್ಟಲೆ ತನ್ನ ಬಟ್ಟೆಬರೆಯಲ್ಲಿ ಉಳಿಸಿ, ರಾತ್ರಿ ನಕಲು ಬರೆದು ಕಂತು ಕಟ್ಟುತ್ತಾಳೆ. ಇಲ್ಲಿ ಪರಪುರುಷನ ಸುಳಿವೇ ಇಲ್ಲ. ಗುಟ್ಟು ಹೊರಬಿದ್ದ ದಿನ ಗಂಡ ಅವಳ ಪ್ರೀತಿಯನ್ನು ಮರೆತು ತನ್ನ ಮಾನದ ಲೆಕ್ಕ ಹಾಕುತ್ತಾನೆ. ಅಲ್ಲಿ ದ್ರೋಹ ಯಾರದು? ಸಾಲ ಮಾಡಿದವಳದೆ, ಸಾಲದ ಕಾರಣ ಕೇಳದವನದೆ?

ಪಂಡಿತನಾದ್ದರಿಂದ ಎರಡು ಶಬ್ದಗಳ ಮಾತು ಹೇಳದೆ ಇರಲಾರೆ. ನಾವು ಮದುವೆಯನ್ನು ‘ಋಣಾನುಬಂಧ’ ಎನ್ನುತ್ತೇವೆ. ಋಣವೆಂದರೆ ಸಾಲವೇ ಅಷ್ಟೆ. ಇಂಗ್ಲಿಷಿನಲ್ಲಿ ಸಾಲಕ್ಕೆ ಹೇಳುವ ‘ಕ್ರೆಡಿಟ್’ ಎಂಬ ಮಾತು ‘ನಂಬು’ ಎಂಬ ಅರ್ಥದ ಲ್ಯಾಟಿನ್ ಧಾತುವಿನಿಂದ ಬಂದದ್ದು. ಸಾಲವೂ ದಾಂಪತ್ಯವೂ ನಂಬಿಕೆಯೆಂಬ ಒಂದೇ ಬಂಡವಾಳದ ಮೇಲೆ ನಡೆಯುವ ವ್ಯವಹಾರಗಳು. ಒಂದು ಕಡೆ ಸೋರಿದರೆ ಇನ್ನೊಂದು ಕಡೆ ತೇವವಾಗುತ್ತದೆ. ಎರಡಕ್ಕೂ ಸಮಾನ ಶತ್ರು ಗುಟ್ಟು. ಸಾಲದ ಬಡ್ಡಿ ಹಣದಿಂದಷ್ಟೇ ಬೆಳೆಯುವುದಿಲ್ಲ. ಮುಚ್ಚಿಟ್ಟ ದಿನಗಳಿಂದಲೂ ಬೆಳೆಯುತ್ತದೆ.

ಇದನ್ನು ನಾನು ಪುಸ್ತಕದಿಂದಷ್ಟೇ ಕಲಿತೆನೆಂದರೆ ಸುಳ್ಳಾಗುತ್ತದೆ. ಬಹಳ ವರ್ಷಗಳ ಹಿಂದೆ ಸಹೋದ್ಯೋಗಿಯೊಬ್ಬರ ಸಾಲಕ್ಕೆ ನಾನು ಜಾಮೀನು ನಿಂತೆ. ಮನೆಯಲ್ಲಿ ಹೇಳಲಿಲ್ಲ, ಹೇಳಿದರೆ ಬೇಡವೆನ್ನುತ್ತಾಳೆಂದು ಗೊತ್ತಿತ್ತು. ಅವರು ಕಂತು ನಿಲ್ಲಿಸಿದರು. ನನ್ನ ಸಂಬಳದಲ್ಲಿ ಮುರಿಯಲು ಆರಂಭವಾಯಿತು. ಆಗಲೂ ಹೇಳಲಿಲ್ಲ. ಸಂಜೆ ಟ್ಯೂಷನ್ ಹಿಡಿದು ಕೊರತೆ ತುಂಬಿದೆ. ಟ್ಯೂಷನ್ ಏಕೆಂದು ಕೇಳಿದರೆ ಮಕ್ಕಳು ಬಡವರು, ಪರೀಕ್ಷೆ ಹತ್ತಿರ ಬಂತು ಎಂದೆ. ಸಂಬಳದ ಚೀಟಿಯನ್ನು ನಿಘಂಟಿನ ಹಾಳೆಗಳ ನಡುವೆ ಇಡುತ್ತಿದ್ದೆ. ಎರಡು ವರ್ಷದ ಮೇಲೆ ಒಂದು ದಿನ ಪುಸ್ತಕಗಳ ಧೂಳು ಹೊಡೆಯುವಾಗ ಅವೆಲ್ಲ ಅವಳ ಕೈಗೆ ಬಂದವು.

ಅವಳು ಕೂಗಾಡಲಿಲ್ಲ. ಚೀಟಿಗಳನ್ನು ತಿಂಗಳ ಪ್ರಕಾರ ಜೋಡಿಸಿಟ್ಟು, ನಾನು ಬಂದು ಕೈಕಾಲು ತೊಳೆದ ಮೇಲೆ ಹೇಳಿದಳು: “ಹಣ ಹೋಯಿತು ಅಂತ ನನಗೆ ಸಂಕಟವಿಲ್ಲ. ಎರಡು ವರ್ಷ ದಿನಾ ನನ್ನೆದುರು ಕೂತು ಊಟ ಮಾಡಿದಿರಲ್ಲ, ಒಂದು ದಿನವೂ ಬಾಯಿಗೆ ಬರಲಿಲ್ಲವೆ? ನೀವು ಬೇರೆ ಸಂಸಾರ ಹೂಡಿದ್ದರೂ ನನಗೆ ಹೀಗೇ ಆಗುತ್ತಿತ್ತು.” ನನಗೆ ಆ ಮಾತು ಅತಿಯೆನಿಸಿತು. ಶೀಲದಲ್ಲಿ ನನ್ನದು ಒಂದು ಚುಕ್ಕೆಯೂ ಇಲ್ಲದ ಬಾಳು ಎಂದು ಒಳಗೊಳಗೇ ವಾದಿಸಿದೆ. ಬೂಟಿನಲ್ಲಿಟ್ಟ ರಸೀತಿಯ ಪ್ರಸಂಗವನ್ನು ಆಮೇಲೆ ಮತ್ತೊಮ್ಮೆ ಓದಿದ ದಿನ ನನ್ನ ನಿಘಂಟು ನೆನಪಾಯಿತು. ವಾದ ಅಲ್ಲಿಗೆ ನಿಂತಿತು. ಅವಳು ಹೇಳಿದ್ದು ಸರಿ. ಸಾಲ ತೀರುವುದಕ್ಕೆ ಮೂರು ವರ್ಷ ಹಿಡಿಯಿತು. ಅವಳು ನನ್ನ ಮಾತನ್ನು ಮೊದಲಿನಂತೆ ಎರಡನೆಯ ಪ್ರಶ್ನೆ ಕೇಳದೆ ನಂಬುವುದಕ್ಕೆ ಅದಕ್ಕಿಂತ ಹೆಚ್ಚು ಕಾಲ ಬೇಕಾಯಿತು.

ಈಗ ವಾಚನಾಲಯದ ಹಿರಿಯರ ಪ್ರಶ್ನೆಗೆ ಬರೋಣ. ಇಂಥ ಪುಸ್ತಕವನ್ನು ಮನೆಗೆ ಒಯ್ಯಬಹುದೆ? ಸಾಲವನ್ನೂ ಜಾರತನವನ್ನೂ ಬಣ್ಣ ಕಟ್ಟಿ ತೋರಿಸಿ, ಓದುವವರ ನಾಲಗೆಯಲ್ಲಿ ನೀರೂರಿಸಿ, ಕೊನೆಯ ಪುಟದಲ್ಲಿ ಒಂದು ನೀತಿ ಅಂಟಿಸುವ ಪುಸ್ತಕಗಳೂ ಇವೆ. ಅವನ್ನು ನಾನು ಸಮರ್ಥಿಸಲಾರೆ. ಎಮ್ಮಾ ಓದಿ ಕೆಟ್ಟದ್ದು ಅಂಥವನ್ನೇ. ಗುರುತು ಹಿಡಿಯುವುದು ಕಷ್ಟವಲ್ಲ. ಹಗುರ ಪುಸ್ತಕದಲ್ಲಿ ಶಾಲು ಇರುತ್ತದೆ, ಅದರ ಬಿಲ್ಲು ಇರುವುದಿಲ್ಲ. ಒಳ್ಳೆಯ ಕಾದಂಬರಿಕಾರ ಬಿಲ್ಲನ್ನೂ ಬರೆಯುತ್ತಾನೆ, ಅದು ಯಾರ ತಲೆಯ ಮೇಲೆ ಬಿತ್ತೆಂಬುದನ್ನೂ ಬರೆಯುತ್ತಾನೆ. ಗಿರಣಿಗೆ ಹೋದ ಮಗುವಿನವರೆಗೆ ನಮ್ಮನ್ನು ಕರೆದೊಯ್ದು ಬಿಡುತ್ತಾನೆ.

ಅಂಥ ಪುಸ್ತಕವನ್ನು ಧಾರಾಳವಾಗಿ ಒಯ್ಯಬಹುದು. ಹದಿಹರೆಯದವರಿಗೆ ಅದನ್ನು ಕೊಡಬೇಕೆಂದು ನಾನು ಹೇಳುತ್ತಿಲ್ಲ. ಅವರಿಗೆ ಹರಿಶ್ಚಂದ್ರ ಸಾಕು. ಆದರೆ ಗಂಡಹೆಂಡಿರು ಇಬ್ಬರೂ ಓದಲಿ. ಒಬ್ಬರು ಓದಿ ಬಚ್ಚಿಟ್ಟರೆ ಪ್ರಯೋಜನವಿಲ್ಲ. ಓದಿದ ಮೇಲೆ, ಮಕ್ಕಳು ಮಲಗಿದ ಹೊತ್ತಿನಲ್ಲಿ, “ಆ ಲೆರೂ ಬಾಗಿಲು ಮುಚ್ಚಿದ ಜಾಗ ಓದಿದೆಯಾ?” ಎಂದು ಇವರು ಕೇಳಲಿ, “ನಿಮ್ಮ ಕಡೆಯಿಂದ ನಾನು ತಿಳಿಯಬೇಕಾದ್ದು ಏನಾದರೂ ಇದೆಯೆ?” ಎಂದು ಅವರು ಕೇಳಲಿ. ನನ್ನ ಮನೆಯಲ್ಲಿ ಆ ಮಾತನ್ನು ಎರಡು ವರ್ಷ ಮೊದಲು ಯಾರಾದರೂ ಆಡಿದ್ದರೆ ನಿಘಂಟಿನಲ್ಲಿ ಶಬ್ದಗಳಷ್ಟೇ ಇರುತ್ತಿದ್ದವು.